ನಲವತ್ತೊಂದು ಕಲ್ಲಿಗೆ ಒಂದೇ ಹೆಸರು

“ಇದನ್ನ ಕೆತ್ತಬೇಕು. ಮಗುವಿನ ಸಮಾಧಿಗೆ. ಚಿಕ್ಕ ಕಲ್ಲು ಸಾಕು.”

ಆತ ಚೀಟಿಯನ್ನು ಮೇಜಿನ ಮೇಲಿಟ್ಟ. ಉಳಿ ಒರೆಸುತ್ತಿದ್ದ ಅವಳು ಸುಮ್ಮನೆ ಕಣ್ಣು ಹಾಯಿಸಿದಳು… ಕೈಯಲ್ಲಿದ್ದ ಬಟ್ಟೆ ಜಾರಿ ಬಿತ್ತು.

ಚೀಟಿಯಲ್ಲಿದ್ದದ್ದು ಅವಳ ಹೆಸರು!

ಮೂರೇ ಅಕ್ಷರ. ಇಪ್ಪತ್ತಾರು ವರ್ಷಗಳಲ್ಲಿ ಆ ಹೆಸರಿನ ಇನ್ನೊಬ್ಬರನ್ನು ಅವಳು ಕಂಡಿರಲಿಲ್ಲ. ಕೆಳಗೆ ಸತ್ತ ದಿನಾಂಕ. ಅವಳು ಹುಟ್ಟುವುದಕ್ಕೆ ಎರಡು ತಿಂಗಳು ಮೊದಲಿನದು.

“ಯಾರು… ಯಾರಿದು?”

“ಗೊತ್ತಿಲ್ಲ. ನಾನು ಸ್ಮಶಾನದ ಕಚೇರಿಗೆ ಹೊಸದಾಗಿ ಬಂದಿರೋ ಗುಮಾಸ್ತ. ಮಕ್ಕಳ ಸಾಲಿನ ಹಲಗೆಗಳಿಗೆಲ್ಲ ಗೆದ್ದಲು ಹಿಡಿದಿದೆ. ಹಳೇ ರಿಜಿಸ್ಟರಿನಲ್ಲಿ ಇದ್ದದ್ದು ಇದ್ದಹಾಗೆ ಕಲ್ಲಿನ ಮೇಲೆ ಕೆತ್ತಿಸಿ ಅಂತ ಮೇಲಿನವರ ಆರ್ಡರ್.” ಆತ ಅವಳ ಮುಖವನ್ನೇ ನೋಡಿದ. “ಹುಷಾರಿಲ್ವಾ ನಿಮಗೆ? ಬೆವರ್ತಾ ಇದೀರಿ.”

ಎಂಥ ಮೃದು ದನಿ! ಸಾವಿನ ಚೀಟಿ ತಂದವನಿಗೆ ಇಂಥ ದನಿ ಯಾಕಿರಬೇಕು?

ಒಳಗಿನಿಂದ ಅಂಗಡಿಯ ಯಜಮಾನ, ಅವಳ ಸೋದರಮಾವ, ಕೂಗಿದ. “ಪುಟ್ಟೀ, ಗಿರಾಕಿ ಮುಖದಲ್ಲೇನು ಬರ್ದಿದೆಯೇ? ಅಳತೆ ಬರ್ಕೋ!”

ಅಂಗಡಿಯಲ್ಲಿ ಅವಳು ಪುಟ್ಟಿ. ಗುಮಾಸ್ತನೂ ಅಷ್ಟೇ ತಿಳಿದು ಹೋದ.

ಮಾರನೆಯ ದಿನ ಇನ್ನೊಂದು ಚೀಟಿ. ದಿನಾಂಕ ಬೇರೆ… ಹೆಸರು ಅದೇ! ಅದರ ಮಾರನೆಯ ದಿನವೂ ಅದೇ!

ಅವಳು ಕೆತ್ತಿದಳು. ಉಳಿಯ ಒಂದೊಂದು ಏಟೂ ತನ್ನ ಎದೆಯೊಳಗೆ ಬಿದ್ದಂತಾಗುತ್ತಿತ್ತು. ಅಕ್ಷರಗಳ ಮೇಲಿನ ಧೂಳನ್ನು ಒದ್ದೆ ಬಟ್ಟೆಯಿಂದ ಒರೆಸುವಾಗ, ಪುಟ್ಟ ಮಗುವೊಂದರ ಮುಖ ಒರೆಸಿದ ಹಾಗೆ… ಕಲ್ಲು ಬೆಚ್ಚಗಿತ್ತು. ನೆರಳಿನಲ್ಲಿದ್ದ ಕಲ್ಲು!

ಗೋಡೆಯುದ್ದಕ್ಕೂ ಅವಳ ಹೆಸರು ಸಾಲಾಗಿ ನಿಂತು ಅವಳನ್ನೇ ನೋಡತೊಡಗಿತು.

ಅವಳಿಗೆ ಆ ಹೆಸರೊಂದು ಹೆಮ್ಮೆ. ಮಿಲ್ಲಿನ ಸಾಲುಮನೆಗಳಲ್ಲಿ ಅಪ್ಪನಿಗೂ ನಂಬರಿತ್ತು, ಅಮ್ಮನಿಗೂ ನಂಬರಿತ್ತು. ನೂಲು ಸುತ್ತುವ ಯಂತ್ರಕ್ಕೂ ಅವರಿಗೂ ಮಾಲೀಕರ ಪುಸ್ತಕದಲ್ಲಿ ಭೇದವಿರಲಿಲ್ಲ. ಆದರೂ ಅಮ್ಮ ಸಾಯುವವರೆಗೂ ಹೇಳಿದ್ದಳು: “ಕಚೇರಿಯವರೇ ಇಟ್ಟ ಹೆಸರು ಕಣೇ ನಿಂದು! ನಿಮ್ಮಪ್ಪ ಜನನದ ಚೀಟಿ ತಂದ್ರು, ಮಿಲ್ಲಿನ ಗೇಟಿನವನು ಓದಿ ಹೇಳ್ದ. ಆ ಕಚೇರಿಯವರ ಭಾಷೇಲಿ ಬೆಳಕು ಅಂತೇನೋ ಇರ್ಬೇಕು.”

ಗುಮಾಸ್ತ ಕಲ್ಲು ಒಯ್ಯಲು ಬಂದಾಗಲೆಲ್ಲ ಸ್ವಲ್ಪ ಹೊತ್ತು ಕೂರತೊಡಗಿದ. ಅವನ ಜೇಬಿನಲ್ಲೊಂದು ನೋಟ್‌ಬುಕ್. ಅದರ ತುಂಬ ಹೆಸರುಗಳು.

“ಕಡಲಂಚಿನವರ ಒಂದು ಭಾಷೇಲಿ, ದಾರೀಲಿ ಹುಟ್ಟಿದ ಹುಡುಗಿಗೆ ದಾರಿ ಅಂತಲೇ ಹೆಸರು. ಬೆಟ್ಟದವರು ಸಾವಿನ ಕಣ್ಣು ತಪ್ಪಿಸೋಕೆ ಮಗೂನ ಕಸ ಅಂತಾರಂತೆ. ಅಂದ್ರೆ ಎಷ್ಟು ಪ್ರೀತಿ ಇರ್ಬೇಕು ನೋಡಿ!”

“ನನ್ ಹೆಸರು ನೋಡಪ್ಪ,” ಮಾವ ಒಳಗಿನಿಂದಲೇ ಕೇಳಿದ.

“ಯಾರಿಗೂ ಬಗ್ಗದವನು ಅಂತ, ಯಜಮಾನ್ರೇ.”

“ಮೆಲ್ಲಗೆ ಹೇಳಯ್ಯ! ನಿಮ್ಮತ್ತೆಗೆ ಕೇಳಿಸಿದ್ರೆ ನಕ್ಕೂ ನಕ್ಕೂ ಸುಸ್ತಾಗ್ತಾಳೆ.”

“ಅತ್ತೆ” ಎಂಬ ಮಾತಿಗೆ ಗುಮಾಸ್ತನ ಕಿವಿ ಕೆಂಪಾಯಿತು. ಅವಳು ನಕ್ಕಳು… ಎಷ್ಟೋ ದಿನಗಳ ಮೇಲೆ. ‘ಇವನು ನಾಳೆ ಬರದಿದ್ದರೆ?’ ಎಂದು ಮನಸ್ಸು ಅಳುಕಿತು. ‘ಬಂದರೆ?’ ಎಂದೂ ಅಳುಕಿತು.

ಒಂಬತ್ತನೆಯ ಚೀಟಿಯಲ್ಲಿದ್ದದ್ದು ಅವಳು ಹುಟ್ಟಿದ ದಿನ. ಅದೇ ತಿಂಗಳು, ಅದೇ ವರ್ಷ!

‘ಹಾಗಾದರೆ ನಾನು ಅವತ್ತೇ…? ಇಷ್ಟು ವರ್ಷ ಇಲ್ಲಿ ಓಡಾಡಿದವಳು ಯಾರು?’

“ಗುಮಾಸ್ತರೇ,” ಎಂದಳು ಅವಳು. “ಊರಿನವರ ಹೆಸರಿಗೆಲ್ಲ ಅರ್ಥ ಹೇಳ್ತೀರಿ. ಈ ಹೆಸರಿಗೇನರ್ಥ?”

ಆತನ ನಗು ಆರಿತು. “ಅದನ್ನ ಕೇಳ್ಬೇಡಿ.”

“ಯಾಕೆ?”

“ಅದು… ಅದು ಹೆಸರೇ ಅಲ್ಲ.”

ಕೆನ್ನೆಗೆ ಹೊಡೆದಂತಾಯಿತು ಅವಳಿಗೆ!

“ಹೆಸರೇ ಅಲ್ವಾ? ಮಿಲ್ಲಿನವರ ಮಕ್ಕಳದ್ದು ಅಂತಲಾ? ನೋಟ್‌ಬುಕ್ಕಲ್ಲಿ ಬರ್ಕೊಳ್ಳೋ ಯೋಗ್ಯತೆ ಇಲ್ಲ ಅಂತಲಾ?” ಅವಳು ಚೀಟಿಯ ಮೇಲೆ ಬೆರಳಿಟ್ಟಳು. “ನನ್ನನ್ನ ಪುಟ್ಟಿ ಅನ್ನೋದು ಮಾವ ಒಬ್ರೇ. ನನ್ನ ಹೆಸರು ಇದು!”

ಆತ ಚೀಟಿ ನೋಡಿದ. ಅವಳನ್ನು ನೋಡಿದ. ಮುಖದ ರಕ್ತವೆಲ್ಲ ಇಳಿದುಹೋಯಿತು. ಎದ್ದು ಹೊರಟೇಬಿಟ್ಟ.

ನಾಲ್ಕು ದಿನ ಬರಲಿಲ್ಲ.

‘ನಾನು ಅಪಶಕುನ ಅವನಿಗೆ,’ ಎಂದುಕೊಂಡಳು. ಅಳು ಬಂತು. ಅದರ ಹಿಂದೆಯೇ ಸಿಟ್ಟೂ ಬಂತು. ಐದನೆಯ ದಿನ ಮಧ್ಯಾಹ್ನ, ಉಳಿ ಕೆಳಗಿಟ್ಟು ಸ್ಮಶಾನಕ್ಕೆ ನಡೆದಳು.

ಕಚೇರಿಯೆಂದರೆ ಒಂದು ಕೋಣೆ, ಒಂದು ಮೇಜು. ಅವಳನ್ನು ಕಂಡು ಆತ ದಡಬಡಿಸಿ ಎದ್ದ.

“ಅವತ್ತು ಎದ್ದು ಓಡಿ ಹೋದ್ರಲ್ಲ, ನನಗೆ ಹೆದರಿಕೆಯಾ?” ಅವಳು ಕೇಳಿದಳು.

“ಹೌದು. ಆದ್ರೆ ನಿಮಗಲ್ಲ… ನಿಮಗೆ ಹೇಳ್ಬೇಕಾಗಿರೋ ಮಾತಿಗೆ.”

ಆತ ದಪ್ಪ ರಿಜಿಸ್ಟರನ್ನು ಬಿಡಿಸಿದ. ಒಂದೇ ಶಬ್ದ, ಪುಟದ ಮೇಲಿನಿಂದ ಕೆಳಕ್ಕೆ, ಇರುವೆ ಸಾಲಿನಂತೆ. ನಲವತ್ತೊಂದು ಸಲ.

“ಆಗ ಜನನ ಮರಣದ ಕಚೇರಿ ನಡೆಸ್ತಿದ್ದವರ ಭಾಷೆ ಇದು. ಹೆಸರಿಡೋಕೆ ಮೊದಲೇ ಸತ್ತ ಮಕ್ಕಳ ಮುಂದೆಲ್ಲ ಈ ಶಬ್ದ ಬರೆದಿದಾರೆ.” ಆತನ ದನಿ ಇಳಿಯಿತು. “ಇದರರ್ಥ… ‘ಹೆಸರಿಲ್ಲ’.”

ಕೋಣೆಯೊಳಗೆ ಗಾಳಿಯೇ ಇಲ್ಲವಾಯಿತು.

“ಹುಟ್ಟಿದ ಎಂಟು ದಿನದೊಳಗೆ ಬರೆಸ್ಬೇಕಿತ್ತು. ನಿಮ್ಮಪ್ಪ ಬಂದಾಗ ಇನ್ನೂ ಹೆಸರು ಯೋಚಿಸಿರಲಿಲ್ಲ ಅನ್ಸುತ್ತೆ. ಆ ಕಾಲಂನಲ್ಲಿ ‘ಹೆಸರಿಲ್ಲ’ ಅಂತ ಬರೆದು ಚೀಟಿ ಕೊಟ್ರು. ಅವರು ಅದನ್ನೇ…”

ಅದನ್ನೇ ಹೆಸರೆಂದುಕೊಂಡು ಮನೆಗೆ ತಂದಿದ್ದ ಅಪ್ಪ! ಬೆಳಕೆಂದುಕೊಂಡು ಮುದ್ದಿಸಿದ್ದಳು ಅಮ್ಮ!

“ಈ ಮಕ್ಕಳ ತಾಯಂದಿರ ಹೆಸರಾದ್ರೂ ಇದೆಯಾ ಇದರಲ್ಲಿ?”

“ಇಲ್ಲ. ಅದಕ್ಕೆ ಕಾಲಂ ಇಲ್ಲ. ತಂದೆಯ ನಂಬರ್ ಇದೆ, ಅಷ್ಟೇ.”

ಅವಳು ಹೊರಗೆ ನಡೆದಳು. ಆತ ಹಿಂದೆಯೇ ಬಂದ. ಮಕ್ಕಳ ಸಾಲಿನಲ್ಲಿ ಅವಳೇ ಕೆತ್ತಿದ ಎಂಟು ಕಲ್ಲುಗಳು, ಮುಂದೆ ಹುಲ್ಲಿನೊಳಗೆ ಉಳಿದ ಮಣ್ಣುದಿಬ್ಬಗಳು. ನೆತ್ತಿಯ ಮೇಲೆ ಬಿಸಿಲು. ಒಂದು ಹಕ್ಕಿಯ ಸದ್ದೂ ಇರಲಿಲ್ಲ.

“ಈ ನಾಲ್ಕು ದಿನ ಇದನ್ನೇ ಮಾಡಿದೆ,” ಆತ ನೋಟ್‌ಬುಕ್ ಚಾಚಿದ. “ಚೆಂದದ ಹೆಸರುಗಳನ್ನೆಲ್ಲ ನಿಮಗೋಸ್ಕರ ಗುರುತು ಹಾಕಿದೀನಿ. ಅರ್ಜಿ ನಾನೇ ಬರೆದುಕೊಡ್ತೀನಿ. ನಿಮ್ಮನ್ನ ಇಷ್ಟಪಟ್ಟೋನು ನಾನು… ನಿಮ್ಮ ಹೆಸರು ಕಿತ್ಕೊಳ್ಳೋನೂ ನಾನೇ ಆಗ್ಬೇಕಾ ಅಂತ ಬರೋಕೆ ಧೈರ್ಯ ಆಗ್ಲಿಲ್ಲ.”

ಇಷ್ಟಪಟ್ಟೋನು! ಅವಳು ಪುಟ ತಿರುಗಿಸಿದಳು. ಬೆಳದಿಂಗಳು, ತೊರೆ, ನಸುಕು… ಎಲ್ಲ ಚೆಂದವೇ. ನೋಟ್‌ಬುಕ್ ಮುಚ್ಚಿ ಅವನ ಕೈಗಿಟ್ಟಳು.

“ಬೇಡ.”

“ಆದ್ರೆ ಅದರರ್ಥ…”

“ಅರ್ಥ ಬರೆದೋರು ಅವರು. ಇಪ್ಪತ್ತಾರು ವರ್ಷ ಹೊತ್ತು ಬದುಕಿದೋಳು ನಾನು! ನಾನು ಬಿಟ್ಟುಬಿಟ್ರೆ ಈ ನಲವತ್ತೊಂದು ಕಲ್ಲಿನ ಮೇಲೂ ‘ಹೆಸರಿಲ್ಲ’ ಅಂತಲೇ ಉಳಿಯುತ್ತೆ. ನಾನು ಇಟ್ಕೊಂಡ್ರೆ ಅದು ಹೆಸರಾಗುತ್ತೆ.” ಅವಳ ಕಣ್ಣು ತುಂಬಿತ್ತು. “ಉಳಿದ ಚೀಟಿಗಳನ್ನ ಕೊಡಿ. ಅಕ್ಷರ ಇನ್ನೂ ಆಳ ಕೆತ್ತಬೇಕು.”

ಆತ ನೋಟ್‌ಬುಕ್ ಜೇಬಿಗಿಳಿಸಿ, ಮೊದಲ ಸಲ, ಅವಳ ಹೆಸರು ಹಿಡಿದು ಕರೆದ.

ಹುಲ್ಲು ಥಟ್ಟನೆ ಅಲುಗಿತು. ಎಲ್ಲ ದಿಬ್ಬಗಳ ಮೇಲೂ, ಒಟ್ಟಿಗೇ. ಗಾಳಿ ಬೀಸಿರಲೇ ಇಲ್ಲ.

ಆತ ಅವಳ ಕೈ ಗಟ್ಟಿಯಾಗಿ ಹಿಡಿದುಕೊಂಡ. “ನೋಡಿದ್ರಾ? ಎಲ್ಲಾ ತಿರುಗಿ ನೋಡಿದ ಹಾಗಾಯ್ತು…”

“ನೋಡ್ಲಿ ಬಿಡು,” ಎಂದಳು ಅವಳು, ‘ನೀವು’ ಬಿಟ್ಟುಹೋದದ್ದು ತಿಳಿಯದೆ. “ಪಾಪ, ಅವುಗಳನ್ನ ಇಷ್ಟು ಪ್ರೀತಿಯಿಂದ ಯಾರೂ ಕರೆದಿಲ್ಲ. ಇನ್ನೊಂದು ಸಲ ಕರಿ.”

ಆತ ಕರೆದ, ಇನ್ನೂ ಮೆತ್ತಗೆ.

“ಓ…” ಎಂದಳು ಅವಳು, ಎಲ್ಲರ ಪರವಾಗಿ.