ಎಡಕ್ಕೆ ಸರಿದ ಅಯೋಡಿನ್

ರೊಮೇನಿಯಾದ ಬೆಟ್ಟದೂರಿನಲ್ಲಿ ನಾನು ನರ್ಸ್ ಆಗಿ ಸೇರಿದ ಮೊದಲ ಚಳಿಗಾಲ. ಪರಸ್ಕೀವಾ ಅಜ್ಜಿಗೆ ನ್ಯುಮೋನಿಯಾ ಆಗಿತ್ತು. ದಿನಾ ಮಧ್ಯಾಹ್ನ ಅವರ ಮನೆಗೆ ಹೋಗಿ ಪೆನಿಸಿಲಿನ್ ಚುಚ್ಚಬೇಕಿತ್ತು.

ಅಜ್ಜಿ ಎಲುಬಿನ ಗೂಡಾಗಿದ್ದರು. ಅಷ್ಟು ಸೊರಗಿದವರ ಪೃಷ್ಠದಲ್ಲಿ ಸೂಜಿ ಸ್ವಲ್ಪ ಕೆಳಗೆ ಇಳಿದರೂ ನರಕ್ಕೆ ತಾಗಿ ಕಾಲೇ ಹೋಗಬಹುದು. ಅದಕ್ಕೇ ಬಲಗಡೆ, ಮೇಲಿನ ಹೊರಮೂಲೆಯಲ್ಲಿ ಜಾಗ ಹಿಡಿದು ಅಯೋಡಿನ್ ಹಚ್ಚಿದೆ. ಔಷಧಿ ಎಳೆದುಕೊಳ್ಳಲು ಕಿಟಕಿಯತ್ತ ತಿರುಗಿದೆ.

ಮತ್ತೆ ನೋಡಿದಾಗ ಅಯೋಡಿನ್ ಎಡಗಡೆ ಇತ್ತು. ಬಲಗಡೆ ಕಲೆಯೂ ಇರಲಿಲ್ಲ. ಒಲೆ ಉರಿಯುತ್ತಿದ್ದರೂ ಆ ಹಸಿ ಗುರುತು ಮುಟ್ಟಿದರೆ ಹಿಮದಷ್ಟು ತಣ್ಣಗಿತ್ತು.

“ಅಜ್ಜಿ, ಇದನ್ನ ಇಲ್ಲಿ ಹಚ್ಚಿದ್ದು ಯಾರು?”

“ನಿನ್ನ ಬೆನ್ನ ಹಿಂದೆ ನಿಂತಿದಾಳಲ್ಲ, ಅವಳು. ಅಲ್ಲಿ ಬೇಡ, ಇಲ್ಲಿ ಅಂತಿದಾಳೆ.”

ಮನೆಯಲ್ಲಿದ್ದದ್ದು ನಾವಿಬ್ಬರೇ. ನಾನೇ ಮರೆತಿರಬೇಕು ಎಂದುಕೊಂಡು ಎಡಗಡೆಯೇ ಚುಚ್ಚಿದೆ. ಮರುದಿನವೂ ಹಾಗೇ ಆಯಿತು. ಮೂರನೆಯ ದಿನ ನನಗೆ ಹಟ ಬಂತು. ಗುರುತು ಎಡಕ್ಕೆ ಸರಿದಿದ್ದರೂ ಬಲಗಡೆ, ನಾನು ಕಲಿತ ಜಾಗದಲ್ಲೇ, ಸೂಜಿ ಇಳಿಸಿದೆ.

ಅಜ್ಜಿ ಕಾಲೆತ್ತಲು ನೋಡಿದರು, ಆಗಲಿಲ್ಲ. “ಅವಳ ಮಾತು ಕೇಳಬಾರದಿತ್ತಾ ಮಗಾ,” ಎಂದರು ಮೆಲ್ಲಗೆ. “ಕಾಲು ಹೋಯ್ತಲ್ಲ.”

ಡಾಕ್ಟರು ಬಂದು ಚುಚ್ಚಿದ ಜಾಗವನ್ನು ಎರಡು ಸಲ ಅಳೆದು ನೋಡಿದರು. “ಜಾಗ ಸರಿಯಾಗೇ ಇದೆಯಲ್ಲಮ್ಮ. ಆ ನರ ಇಲ್ಲಿ ಹಾಯೋದೇ ಇಲ್ಲ,” ಎಂದರು.

ಅಜ್ಜಿ ಬದುಕಿದರು. ಬಲಗಾಲಿಗೆ ಮಾತ್ರ ಜೀವ ಬರಲಿಲ್ಲ.

ಈಗಲೂ ಅವರು ಕಾಯಿಲೆ ಬಿದ್ದಾಗ ಸೂಜಿ ಹಾಕುವುದು ನಾನೇ. ಅಯೋಡಿನ್ ಅದ್ದಿದ ಹತ್ತಿಯನ್ನು ಹಾಸಿಗೆಯ ಅಂಚಿನಲ್ಲಿಟ್ಟು, ಬೆನ್ನು ತಿರುಗಿಸಿ ನಿಲ್ಲುತ್ತೇನೆ. “ಆಯ್ತಂತೆ” ಎಂದು ಅಜ್ಜಿ ಹೇಳಿದ ಮೇಲಷ್ಟೇ ತಿರುಗುತ್ತೇನೆ.