ಬಣ್ಣದ ಮನೆಯ ಬಾವುಟ

"ಯಾರ ಹತ್ತಿರ ಬಾವುಟ ಇಲ್ಲವೋ ಅವರು ಎದ್ದು ನಿಲ್ಲಿ," ಅಂದರು ರಾಬೆಲರ್ ಮೇಷ್ಟ್ರು.

ಇಡೀ ಕ್ಲಾಸಿನಲ್ಲಿ ಎದ್ದು ನಿಂತವಳು ಗೆಸೀನೆ ಒಬ್ಬಳೇ.

ನಲವತ್ತು ತಲೆಗಳು ಅವಳ ಕಡೆ ತಿರುಗಿದವು. ಗೆಸೀನೆ ತನ್ನ ಮರದ ಚಪ್ಪಲಿಯನ್ನೇ ನೋಡುತ್ತಾ ನಿಂತಳು. ಹಿಂದಿನ ಬೆಂಚಿನಿಂದ ಬೇಕರಿಯವರ ಮಗ ಯೋಬ್ಸ್ಟ್ ಮೆಲ್ಲಗೆ, ಆದರೆ ಎಲ್ಲರಿಗೂ ಕೇಳಿಸುವಷ್ಟು ಮೆಲ್ಲಗೆ, "ಹಳದಿ ಗುಬ್ಬಿ" ಅಂದ. ಎಲ್ಲರೂ ಕಿಸಕ್ಕನೆ ನಕ್ಕರು.

ಹಳದಿ ಮತ್ತು ಬಿಳಿ ಆ ಊರಿದ್ದ ಹಾನೋವರ್ ರಾಜ್ಯದ ಹಳೇ ರಾಜನ ಬಣ್ಣ. ಐದು ವರ್ಷದ ಹಿಂದೆ ಪಕ್ಕದ ಪ್ರಷ್ಯದ ಸೈನ್ಯ ಬಂತು, ರಾಜ ದೇಶ ಬಿಟ್ಟು ಹೋದ, ಹಾನೋವರ್ ಪ್ರಷ್ಯಕ್ಕೆ ಸೇರಿಹೋಯಿತು. ಈ ವರ್ಷ ಜನವರಿಯಲ್ಲಿ ಪ್ರಷ್ಯದ ರಾಜ ಇಡೀ ಜರ್ಮನಿಗೇ ಚಕ್ರವರ್ತಿಯಾದ. ಆದರೂ ಊರಿನಲ್ಲಿ ಕೆಲವು ಮುದುಕರು ಹಳೇ ರಾಜನಿಗಾಗಿ ಮುಖ ಊದಿಸಿಕೊಂಡೇ ಇದ್ದರು. ಅವರ ಮನೆಯವರಿಗೆಲ್ಲ ಮಕ್ಕಳು ಇಟ್ಟ ಹೆಸರು ಹಳದಿ ಗುಬ್ಬಿ. ಗೆಸೀನೆಯ ಅಜ್ಜ, ಬಟ್ಟೆಗೆ ಬಣ್ಣ ಹಾಕುವ ಹಾರ್ಮ್, ಆ ಮುದುಕರಲ್ಲೆಲ್ಲ ದೊಡ್ಡ ಮುದುಕ ಅಂತ ಊರೆಲ್ಲ ಹೇಳುತ್ತಿತ್ತು.

ಮೇಷ್ಟ್ರು ಗದರಲಿಲ್ಲ. ಗದರಿದ್ದರೇ ಚೆನ್ನಾಗಿತ್ತು. ಭಾನುವಾರ ದೊಡ್ಡ ಮೆರವಣಿಗೆ, ಫ್ರಾನ್ಸಿನ ಜೊತೆಗಿನ ಯುದ್ಧ ಮುಗಿದದ್ದಕ್ಕೆ, ಹೊಸ ಸಾಮ್ರಾಜ್ಯ ಹುಟ್ಟಿದ್ದಕ್ಕೆ. ಸಾಮ್ರಾಜ್ಯದ ಕಪ್ಪು, ಬಿಳಿ, ಕೆಂಪು ಬಾವುಟ ಇರುವ ಮಕ್ಕಳು ಬ್ಯಾಂಡಿನ ಹಿಂದೆ ನಡೆಯುತ್ತಾರೆ, ಇಲ್ಲದವರು ಚರ್ಚಿನಲ್ಲಿ ಕೂಸುಗಳ ಜೊತೆ ಕೂತಿರಬೇಕು ಅಂತ ತಿಳಿಹೇಳಿದರು. ಆಮೇಲೆ ಗೋಡೆಯ ಕಡೆ ಕೈ ತೋರಿಸಿದರು. ಅಲ್ಲಿ ಮೊದಲು ಬಣ್ಣಬಣ್ಣದ ಮ್ಯಾಪ್ ಇತ್ತು, ಒಂದೊಂದು ರಾಜ್ಯಕ್ಕೆ ಒಂದೊಂದು ಬಣ್ಣ. ಈಗ ಹೊಸ ಮ್ಯಾಪ್, ಎಲ್ಲಕ್ಕೂ ಒಂದೇ ಬಣ್ಣ. ಪಕ್ಕದಲ್ಲಿ ಚಕ್ರವರ್ತಿಯ ಮಂತ್ರಿ, ದೊಡ್ಡ ಮೀಸೆಯ ಬಿಸ್ಮಾರ್ಕ್ ಪ್ರಭುಗಳ ಪಟ.

"ಇಪ್ಪತ್ತೈದು ತುಂಡು ಸೇರಿಸಿ ಒಂದೇ ಬಟ್ಟೆ ಮಾಡಿದ್ದಾರೆ ಅವರು. ನಿಮ್ಮ ಅಜ್ಜನಿಗೆ ಬಟ್ಟೆ ವಿಷಯ ನಾನು ಹೇಳಿಕೊಡಬೇಕೇನಮ್ಮ?"

ಮತ್ತೆ ನಗು. ಗೆಸೀನೆಗೆ ಕಿವಿಯೆಲ್ಲ ಬಿಸಿಯಾಯಿತು. ಬಾಯಿಗೆ ಬಂದದ್ದನ್ನು ಹೇಳಿಬಿಟ್ಟಳು. "ತರ್ತೀನಿ ಮೇಷ್ಟ್ರೇ. ನಮ್ಮನೇಲೂ ಬಾವುಟ ಇದೆ."

ಇರಲಿಲ್ಲ. ಇದ್ದಿದ್ದರೆ ಈ ಕತೆ ಯಾಕೆ ಹೇಳಬೇಕಿತ್ತು?

ಮನೆಗೆ ಬಂದವಳೇ ಅಜ್ಜನ ಹಿಂದೆ ಬಿದ್ದಳು. ಅಜ್ಜ ನೀಲಿ ಹಂಡೆಯಲ್ಲಿ ಉದ್ದ ಕೋಲು ಹಾಕಿ ತಿರುವುತ್ತಿದ್ದ. ಅವನ ಕೈ ಮೊಣಕೈವರೆಗೂ ನೀಲಿ. ಭಾನುವಾರ ಎಷ್ಟು ತಿಕ್ಕಿದರೂ ಉಗುರಿನ ಸಂದಿಯಲ್ಲಿ ಉಳಿಯುವ ನೀಲಿ. ಗೆಸೀನೆ ಮೇಷ್ಟ್ರು ಹೇಳಿದ್ದನ್ನೆಲ್ಲ ಹೇಳಿದಳು. ಇಪ್ಪತ್ತೈದು ತುಂಡಿನ ಮಾತು ಕೇಳಿ ಅಜ್ಜ ಮೂಗಿನಲ್ಲೇ ನಕ್ಕ. ಹೊಲಿಯುವವನು ಮೊದಲು ಕತ್ತರಿ ಹಿಡಿಯುತ್ತಾನೆ, ನಿಮ್ಮ ಮೇಷ್ಟ್ರಿಗೆ ಅದನ್ನು ಕೇಳು ಅಂದ. ಬಾವುಟ ಮಾತ್ರ ಬೇಡ ಅಂದ. ಯಾಕೆ ಅಂತ ಕೇಳಿದಳು. ಕೋಲು ತಿರುಗುತ್ತಲೇ ಇತ್ತು.

ಅಮ್ಮನನ್ನು ಕೇಳಿದಳು. ಅಮ್ಮ ಅಜ್ಜನ ಸೊಸೆ. ಅಜ್ಜ ಬೇಡ ಅಂದದ್ದನ್ನು ಅವಳು ಬೇಕು ಅಂದದ್ದೇ ಇಲ್ಲ.

ಬಣ್ಣದ ಮನೆಯಲ್ಲಿ ಬಟ್ಟೆಗೇನು ಬರವೇ ಅಂತ ನೀವು ಕೇಳಬಹುದು. ರಾಶಿ ರಾಶಿ ಬಟ್ಟೆ ಇತ್ತು. ಆದರೆ ಅದೆಲ್ಲ ಊರವರದು. ಗಿರಾಕಿಯ ಬಟ್ಟೆಯಿಂದ ಒಂದು ಎಳೆ ದಾರ ಕೂಡ ಕೀಳಬಾರದು ಅನ್ನುವುದು ಆ ಮನೆಯ ಮೊದಲ ಪಾಠ. ಗೆಸೀನೆ ಓದು ಕಲಿಯುವ ಮೊದಲೇ ಅದನ್ನು ಕಲಿತಿದ್ದಳು. ಅದರಲ್ಲೂ ಕಳೆದ ಒಂದು ವರ್ಷದಿಂದ ಬರುತ್ತಿದ್ದದ್ದು ಕಪ್ಪು ಮಾಡುವ ಬಟ್ಟೆಗಳೇ. ಫ್ರಾನ್ಸಿಗೆ ಹೋದವರಲ್ಲಿ ವಾಪಸ್ ಬಾರದವರ ಹೆಂಡತಿ, ತಾಯಿ, ತಂಗಿಯರ ಬಟ್ಟೆಗಳು. ಕಪ್ಪು ಹಂಡೆ ಖಾಲಿಯಾದದ್ದೇ ಇಲ್ಲ.

ಸ್ವಂತ ಬಟ್ಟೆ ಅಂತ ಇದ್ದದ್ದು ಒಂದೇ ಒಂದು. ಅದು ಅಜ್ಜನ ಮಂಚದ ಕೆಳಗಿನ ಪೆಟ್ಟಿಗೆಯಲ್ಲಿತ್ತು.

ವರ್ಷಕ್ಕೊಂದು ಸಲ, ಜೂನ್ ತಿಂಗಳ ಕೊನೆಯಲ್ಲಿ, ಅಜ್ಜ ಬಾಗಿಲು ಹಾಕಿಕೊಂಡು ಆ ಪೆಟ್ಟಿಗೆ ತೆಗೆಯುತ್ತಿದ್ದ. ಹೋದ ವರ್ಷ ಗೆಸೀನೆ ಬಾಗಿಲ ಸಂದಿಯಿಂದ ನೋಡಿದ್ದಳು. ಅರ್ಧ ಹಳದಿ, ಅರ್ಧ ಬಿಳಿ, ಮೇಜಿನಗಲದ ಒಂದು ಬಟ್ಟೆ. ಅಜ್ಜ ಅದನ್ನು ಮೊಣಕಾಲ ಮೇಲೆ ಇಟ್ಟುಕೊಂಡು ಸುಮ್ಮನೆ ಕೂತಿದ್ದ. ಇದನ್ನು ಯಾರಿಗೂ ಹೇಳಬಾರದಿತ್ತು, ಆದರೆ ಯೋಬ್ಸ್ಟ್‌ಗೆ ಹೇಳಿಬಿಟ್ಟಿದ್ದಳು. ಆಗ ಅವನು, "ಅಯ್ಯೋ ದಡ್ಡಿ, ಅದು ಹಳೇ ರಾಜನ ಬಾವುಟ ಕಣೇ. ನಿಮ್ಮಜ್ಜ ಅದಕ್ಕೆ ಪೂಜೆ ಮಾಡ್ತಾನೆ" ಅಂದಿದ್ದ. ಇರಬಹುದು ಅಂದುಕೊಂಡಿದ್ದಳು ಗೆಸೀನೆ.

ಶನಿವಾರ ಬೆಳಗ್ಗೆ ಅಜ್ಜ ಗಾಡಿ ಕಟ್ಟಿಕೊಂಡು ಸಂತೆಗೆ ಹೋದ. ಅಮ್ಮ ಬಟ್ಟೆ ಜಾಲಿಸಲು ಆಲರ್ ನದಿಗೆ ಹೋದಳು. ಗೆಸೀನೆ ಮಂಚದ ಕೆಳಗೆ ತೂರಿದಳು.

ಕಳ್ಳತನವೇನಲ್ಲವಲ್ಲ, ನಮ್ಮನೇ ಬಟ್ಟೆ ತಾನೆ, ರಾಜನೇ ಇಲ್ಲದ ಮೇಲೆ ರಾಜನ ಬಾವುಟ ಯಾರಿಗೆ ಬೇಕು ಅಂತ ತನಗೆ ತಾನೇ ಹೇಳಿಕೊಂಡಳು. ಬಟ್ಟೆ ಬಿಡಿಸಿ ಬೆಳಕಿಗೆ ಹಿಡಿದಳು. ಒಳ್ಳೆಯ ಹಳದಿ, ಅಜ್ಜನ ಕೈಯ ಹಳದಿ, ಒಂದಿಷ್ಟೂ ಮಾಸಿರಲಿಲ್ಲ. ಆದರೆ ಹಳದಿಯ ಒಂದು ಮೂಲೆಯಲ್ಲಿ ಅಂಗೈಯಗಲದ ಕಂದು ಕಲೆ. ಅಲ್ಲಿ ಬಟ್ಟೆ ಗಂಜಿ ಹಾಕಿದ ಹಾಗೆ ಬಿರುಸಾಗಿತ್ತು.

ಊರಿನವರ ಕಲೆಯನ್ನೆಲ್ಲ ತೆಗೆಯುವ ಅಜ್ಜ ಇದೊಂದನ್ನು ಯಾಕೆ ಬಿಟ್ಟ ಅಂತ ಅವಳಿಗೆ ಒಂದು ಕ್ಷಣ ಅನ್ನಿಸಿತು. ಆ ಕ್ಷಣ ಅಲ್ಲೇ ನಿಂತು ಯೋಚಿಸಿದ್ದರೆ ಎಷ್ಟು ಚೆನ್ನಾಗಿತ್ತು. ಕಪ್ಪು ಹಾಕಿದರೆ ಕಲೆ ಕಾಣುವುದೇ ಇಲ್ಲ, ಒಳ್ಳೆಯದೇ ಆಯಿತು ಅಂದುಕೊಂಡು ಹಂಡೆಯ ಕಡೆ ಓಡಿದಳು.

ಕೆಲಸ ಅವಳಿಗೆ ಗೊತ್ತಿತ್ತು. ಹಳದಿ ಭಾಗವನ್ನು ಬಿಟ್ಟು ಉಳಿದದ್ದನ್ನು ಮಡಿಸಿ, ಮೇಣದ ದಾರದಿಂದ ಬಿಗಿಯಾಗಿ ಕಟ್ಟಿದಳು. ಹಳದಿಯನ್ನು ಮಾಚಿಕಾಯಿ ಕಷಾಯದಲ್ಲಿ ಅದ್ದಿ, ಆಮೇಲೆ ಕಬ್ಬಿಣದ ನೀರಿನಲ್ಲಿ ಅದ್ದಿದಳು. ಹೀಗೆ ಮೂರು ಸಲ. ಮೊದಲ ಸಲಕ್ಕೆ ಹಳದಿ ಕೊಳಕು ಹಸಿರಾಯಿತು, ಎರಡನೆಯದಕ್ಕೆ ಬೂದಿ, ಮೂರನೆಯದಕ್ಕೆ ಕಾಗೆ ಕಪ್ಪು. ಬಿಳಿ ಭಾಗದಲ್ಲಿ ಅರ್ಧವನ್ನು ಹಾಗೇ ಬಿಟ್ಟು, ಕೆಳಗಿನ ಅರ್ಧವನ್ನು ಕೆಂಪು ಮಡಕೆಯಲ್ಲಿ ಮುಳುಗಿಸಿದಳು. ಬಿಸಿಲೇರುವಷ್ಟರಲ್ಲಿ ಹಿತ್ತಲ ಹಗ್ಗದ ಮೇಲೆ ಕಪ್ಪು, ಬಿಳಿ, ಕೆಂಪು ಬಾವುಟ ಹಾರಾಡುತ್ತಿತ್ತು. ಕಪ್ಪು ಪಟ್ಟಿ ಉಳಿದೆರಡಕ್ಕಿಂತ ಅಗಲವಾಗಿತ್ತು. ಅದು ಬಿಟ್ಟರೆ ಅಂಗಡಿಯ ಬಾವುಟಕ್ಕೇನೂ ಕಡಿಮೆ ಇರಲಿಲ್ಲ. ಗೆಸೀನೆಗೆ ಹೆಮ್ಮೆಯಾಯಿತು, ಸುಳ್ಳು ಯಾಕೆ ಹೇಳಲಿ.

ನದಿಯಿಂದ ಬಂದ ಅಮ್ಮ ಬುಟ್ಟಿ ಇಳಿಸಿ ಹಗ್ಗದ ಕಡೆ ನೋಡಿದಳು. ಹತ್ತಿರ ಹೋಗಿ ಅಂಚಿನ ಹೊಲಿಗೆಯನ್ನು ಕೈಯಲ್ಲಿ ಹಿಡಿದು ನೋಡಿದಳು. ಅಂಚು ಹೊಲಿದವಳು ಅವಳೇ. ಅಲ್ಲೇ ಒಗೆಯುವ ಕಲ್ಲಿನ ಮೇಲೆ ಕೂತುಬಿಟ್ಟಳು.

"ಇದು ನಿಮ್ಮಪ್ಪಂದು ಕಣೇ," ಅಂದಳು.

ಗೆಸೀನೆಗೆ ಅರ್ಥವಾಗಲಿಲ್ಲ. ಅಪ್ಪ ಐದು ವರ್ಷದ ಹಿಂದಿನ ಯುದ್ಧದಲ್ಲಿ ಸತ್ತದ್ದು ಅವಳಿಗೆ ಗೊತ್ತಿತ್ತು. ಯಾವ ತಿಂಗಳು, ಯಾವ ದಿನ ಅಂತ ಯಾವತ್ತೂ ಕೇಳಿರಲಿಲ್ಲ. ಅಮ್ಮ ಈಗ ಹೇಳಿದಳು. ಅಪ್ಪ ಸೈನ್ಯಕ್ಕೆ ಹೊರಟ ದಿನ ಅಜ್ಜನೇ ಹಳದಿ ಹಾಕಿ ಈ ಬಟ್ಟೆಯನ್ನು ಅವನ ಕೊರಳಿಗೆ ಕಟ್ಟಿದ್ದನಂತೆ. ಜೂನ್ ಇಪ್ಪತ್ತೇಳಕ್ಕೆ ಯುದ್ಧ. ಆ ದಿನ ನಮ್ಮವರೇ ಗೆದ್ದರಂತೆ. ಎರಡು ದಿನಕ್ಕೆ ಪ್ರಷ್ಯದ ಇನ್ನಷ್ಟು ಸೈನ್ಯ ಬಂದು ಸುತ್ತುಗಟ್ಟಿತು, ಎಲ್ಲ ಮುಗಿಯಿತು. ಅಪ್ಪನನ್ನು ಅಲ್ಲೇ ಎಲ್ಲರ ಜೊತೆ ಮಣ್ಣು ಮಾಡಿದರು. ಜೊತೆಗಿದ್ದವನೊಬ್ಬ ಈ ಬಟ್ಟೆ ತಂದುಕೊಟ್ಟ. ಅಪ್ಪನಿಂದ ಮನೆಗೆ ಬಂದದ್ದು ಇದೊಂದೇ.

"ಆ ಕಲೆ..." ಅಂದಳು ಗೆಸೀನೆ.

ಅಮ್ಮ ಹೌದು ಅಂತ ತಲೆಯಾಡಿಸಿದಳು.

ಗೆಸೀನೆ ಹಗ್ಗದಿಂದ ಬಟ್ಟೆ ಕಿತ್ತುಕೊಂಡು ನೀರಿನ ತೊಟ್ಟಿಗೆ ಓಡಿದಳು. ಬೂದಿ ಹಾಕಿ ತಿಕ್ಕಿದಳು, ಹುಳಿ ಹಾಕಿ ತಿಕ್ಕಿದಳು, ಅಳುತ್ತಾ ತಿಕ್ಕಿದಳು. ಬೆರಳ ಸಿಪ್ಪೆ ಎದ್ದಿತೇ ಹೊರತು ಕಪ್ಪು ಜಗ್ಗಲಿಲ್ಲ. ಅವಳು ಕೆಲಸ ಅಷ್ಟು ಚೆನ್ನಾಗಿ ಮಾಡಿದ್ದಳು. ಎಲ್ಲ ಬಣ್ಣ ಮಸಿ ನುಂಗಿತು ಅಂತ ಅಜ್ಜ ಆಗಾಗ ಹೇಳುತ್ತಿದ್ದ ಮಾತನ್ನು ಇಷ್ಟು ದಿನ ಅವಳು ತಮಾಷೆ ಅಂದುಕೊಂಡಿದ್ದಳು.

ಸಂಜೆ ಗಾಡಿಯ ಸದ್ದಾದಾಗ ಗೆಸೀನೆಗೆ ಎಲ್ಲಾದರೂ ಅಡಗಿಕೊಳ್ಳಬೇಕು ಅನ್ನಿಸಿತು. ಅಡಗಲಿಲ್ಲ. ಒದ್ದೆ ಬಟ್ಟೆ ಕೈಯಲ್ಲಿ ಹಿಡಿದುಕೊಂಡೇ ಬಾಗಿಲಲ್ಲಿ ನಿಂತಳು. ಅಜ್ಜ ಗಾಡಿ ಇಳಿದ, ಕುದುರೆಗೆ ನೀರಿಟ್ಟ, ಆಮೇಲೆ ಅವಳ ಕೈ ನೋಡಿದ. ಬಟ್ಟೆ ತೆಗೆದುಕೊಂಡು, ಯಾವ ಗಿರಾಕಿಯ ಬಟ್ಟೆಯನ್ನಾದರೂ ನೋಡುವ ಹಾಗೆ, ಹೆಬ್ಬೆರಳಿನಿಂದ ಕಪ್ಪನ್ನು ಉಜ್ಜಿ ಬೆರಳು ನೋಡಿಕೊಂಡ. ಬೆರಳಿಗೆ ಏನೂ ಹತ್ತಿರಲಿಲ್ಲ.

"ಬಣ್ಣ ಚೆನ್ನಾಗಿ ಹಿಡಿದಿದೆ," ಅಂದ.

ಅಷ್ಟೇ. ಬೈಯಲಿಲ್ಲ, ಹೊಡೆಯಲಿಲ್ಲ. ರಾತ್ರಿ ಊಟಕ್ಕೆ ಕೂತ, ಬ್ರೆಡ್ಡಿನ ಒಂದು ತುಂಡು ಮುರಿದು ತಟ್ಟೆಯಲ್ಲೇ ಬಿಟ್ಟು ಎದ್ದ. ಅವನ ನಡಿಗೆ ಆವತ್ತು ತೀರಾ ಮುದುಕರ ನಡಿಗೆಯ ಹಾಗಿತ್ತು.

ಬೆಳಗ್ಗೆ ಗೆಸೀನೆ ತಾನು ಮೆರವಣಿಗೆಗೆ ಹೋಗುವುದಿಲ್ಲ ಅಂದಳು. ಅಜ್ಜ ಕೇಳಲಿಲ್ಲ. ಹಂಡೆ ತಿರುವುವ ಕೋಲಿನಲ್ಲಿ ಒಂದನ್ನು ತಂದು ಬಟ್ಟೆಯನ್ನು ಅದಕ್ಕೆ ಕಟ್ಟಿದ. ಗಂಟು ಬಿಗಿಯಾಗಿತ್ತು.

"ತರ್ತೀನಿ ಅಂತ ಮಾತು ಕೊಟ್ಟು ಬಂದಿದೀಯಲ್ಲ. ಹೋಗು ಪುಟ್ಟಿ. ನೆಲಕ್ಕೆ ತಾಗಿಸಬೇಡ."

ಮೆರವಣಿಗೆಯಲ್ಲಿ ಎಲ್ಲರಿಗೂ ಸಕ್ಕರೆ ಹಚ್ಚಿದ ಬನ್ನು ಕೊಟ್ಟರು. ಗೆಸೀನೆ ಅದನ್ನು ಜೇಬಿಗೆ ಹಾಕಿಕೊಂಡಳು, ತಿನ್ನಲಿಲ್ಲ. ಯೋಬ್ಸ್ಟ್ ಅವಳ ಬಾವುಟವನ್ನು ಮೇಲಿಂದ ಕೆಳಗೆ ನೋಡಿ, "ಇದ್ಯಾಕೆ ಕಪ್ಪೇ ಜಾಸ್ತಿ ಇದೆ?" ಅಂದ. ಬೇರೆ ದಿನವಾಗಿದ್ದರೆ ಅವಳು ತಿರುಗಿ ಏನಾದರೂ ಅನ್ನುತ್ತಿದ್ದಳು. ರಸ್ತೆಯ ಅಂಚಿನಲ್ಲಿ ಕಪ್ಪು ಬಟ್ಟೆಯ ಹೆಂಗಸರು ನಿಂತಿದ್ದರು. ಆ ಬಟ್ಟೆಗಳೆಲ್ಲ ಬಣ್ಣದ ಮನೆಯ ಹಂಡೆಯಿಂದಲೇ ಹೋದವು. ಇಷ್ಟೊಂದು ಜನವಾ ಅಂತ ಗೆಸೀನೆಗೆ ಮೊದಲ ಸಲ ಅನ್ನಿಸಿತು.

ಬ್ಯಾಂಡು ಬಾರಿಸುತ್ತಾ ಮೆರವಣಿಗೆ ಬಣ್ಣದ ಮನೆಯ ಬೀದಿಗೆ ತಿರುಗಿತು. ಅಲ್ಲಿ ಬಾಗಿಲ ಮುಂದೆ ಅಜ್ಜ ನಿಂತಿದ್ದ. ಭಾನುವಾರದ ಕೋಟು, ಭಾನುವಾರದ ಹ್ಯಾಟು. ಐದು ವರ್ಷದಲ್ಲಿ ಯಾವ ಮೆರವಣಿಗೆ ಬಂದರೂ ಆ ಮನೆಯ ಕಿಟಕಿ ಮುಚ್ಚಿಯೇ ಇರುತ್ತಿತ್ತು. ಜನರ ಕಣ್ಣೆಲ್ಲ ಅವನ ಮೇಲೆ ಹೋಯಿತು.

ಬ್ಯಾಂಡಿನ ಮುಂದಿನ ದೊಡ್ಡ ಬಾವುಟ ಹೋಯಿತು. ಹ್ಯಾಟು ತಲೆಯ ಮೇಲೆಯೇ ಇತ್ತು. ಯುದ್ಧದಿಂದ ಬಂದವರ ಬಾವುಟ ಹೋಯಿತು, ಮಕ್ಕಳ ಸಾಲು ಸಾಲು ಬಾವುಟ ಹೋದವು. ಹ್ಯಾಟು ಅಲುಗಲಿಲ್ಲ. ಗೆಸೀನೆ ಅವನ ಎದುರಿಗೆ ಬಂದಳು.

ಅಜ್ಜ ಹ್ಯಾಟು ತೆಗೆದ. ಬಿಸಿಲಲ್ಲಿ ಅವನ ಬಿಳಿ ಕೂದಲು ಗಾಳಿಗೆ ಹಾರಾಡಿತು. ಹ್ಯಾಟನ್ನು ಎದೆಗೆ ಒತ್ತಿಕೊಂಡು, ತಲೆ ತಗ್ಗಿಸಿ, ಅವಳು ದಾಟಿ ಹೋಗುವವರೆಗೂ ಹಾಗೇ ನಿಂತ.

ಜನ ಹೋ ಅಂತ ಚಪ್ಪಾಳೆ ತಟ್ಟಿದರು. ಹಾರ್ಮ್ ಮುದುಕನೂ ಕೊನೆಗೆ ಚಕ್ರವರ್ತಿಗೆ ತಲೆ ಬಾಗಿದ ಅಂತ ಒಬ್ಬರಿಗೊಬ್ಬರು ಹೇಳಿಕೊಂಡರು. ರಾಬೆಲರ್ ಮೇಷ್ಟ್ರಂತೂ ಸಾಲು ಬಿಟ್ಟು ಓಡಿಬಂದು ಗೆಸೀನೆಯ ಬೆನ್ನು ತಟ್ಟಿದರು. ಅವರ ಕಣ್ಣಲ್ಲಿ ನೀರಿತ್ತು.

"ನೋಡಿದೆಯಾ? ಎಲ್ಲ ನಿನ್ನ ಬಾವುಟದಿಂದ."

"ಹೌದು ಮೇಷ್ಟ್ರೇ," ಅಂದಳು ಗೆಸೀನೆ. ಅಜ್ಜ ತಲೆ ಬಾಗಿದ್ದು ಯಾರಿಗೆ ಅಂತ ಅವರಿಗೆ ಹೇಳಲಿಲ್ಲ.

ಗಾಳಿಗೆ ಎಲ್ಲರ ಬಾವುಟಗಳೂ ಪಟಪಟ ಅನ್ನುತ್ತಿದ್ದವು. ಗೆಸೀನೆ ನಡೆಯುತ್ತಾ ಕೈ ಮೇಲೆತ್ತಿ, ಕಪ್ಪಿನ ಮೂಲೆಯನ್ನು ಬೆರಳಿನಿಂದ ತಡವಿ ಹುಡುಕಿದಳು. ಅಂಗೈಯಗಲ ಜಾಗ ಇನ್ನೂ ಬಿರುಸಾಗಿಯೇ ಇತ್ತು. ಅದನ್ನು ಮುಷ್ಟಿಯಲ್ಲಿ ಹಿಡಿದುಕೊಂಡಳು. ಚರ್ಚಿನ ಬಾಗಿಲು ಬರುವವರೆಗೂ ಕೈ ನೋಯುತ್ತಿದ್ದರೂ ಬಿಡಲಿಲ್ಲ.