ಸುಯಿಲೆ ಕಾಣೆಯಾದ ಪ್ರಕರಣ

೧೯೭೮ರ ಏಪ್ರಿಲ್ ಹನ್ನೆರಡು, ಬುಧವಾರ. ಬೆಳಿಗ್ಗೆ ಒಂಬತ್ತರ ಸುಮಾರಿಗೆ ಜಹೀರಾಬಾದಿನಿಂದ ಬಂದ ಕಾರೊಂದು ನಾರಾಯಣಖೇಡ ಠಾಣೆಯ ಮುಂದೆ ನಿಂತಿತು. ಇನ್ಸ್‌ಪೆಕ್ಟರ್ ಈಶಪ್ಪ ಕುರ್ಚಿ ತೋರಿಸಿದರೂ ಇಳಿದು ಬಂದ ಡಾಕ್ಟರ್ ಹಣಮಂತರಾಯರು ಕೂರಲಿಲ್ಲ.

"ಸುಯಿಲೆ ಕಾಣೆಯಾಗಿದ್ದಾಳೆ, ಇನ್ಸ್‌ಪೆಕ್ಟರ್. ಮೈ ಒಣಗಿದರೆ ಆಕೆ ಉಳಿಯೋದಿಲ್ಲ. ಹೊರಗಿನ ಬಿಸಿಲು ನೋಡಿ."

ಸುಯಿಲೆ ಈ ಲೋಕದವಳಲ್ಲ. ಅನ್ಯಲೋಕದ ಜೀವಿಗಳು ಭೂಮಿಗೆ ಬಂದು ಹೋಗಲು ಶುರುವಾಗಿ ಕೆಲವು ವರ್ಷಗಳಾಗಿದ್ದವು. ಒಂದು ಕುಲದವರು ಇನ್ನೊಂದು ಕುಲದವರ ಮೈಯನ್ನು ಒಪ್ಪಿಗೆಯಿಲ್ಲದೆ ಮುಟ್ಟಬಾರದು. ಅದನ್ನು ನೋಡಿಕೊಳ್ಳಲೆಂದೇ ಆ ಲೋಕಗಳೆಲ್ಲ ಸೇರಿ ಜೀವನೀತಿ ಮಂಡಳಿಯನ್ನು ಕಟ್ಟಿದ್ದವು. ಹಣಮಂತರಾಯರು ಅದರ ಜಹೀರಾಬಾದ್ ಶಾಖೆಯ ಅಧಿಕಾರಿ. ಬತ್ತಿಹೋದ ನೀರಿನ ಲೋಕದಿಂದ ಬದುಕಿ ಬಂದಿದ್ದ ನಾಲ್ವರಲ್ಲಿ ಮೂವರು ಇಲ್ಲಿಯ ಸೆಕೆ ತಾಳದೆ ಸತ್ತಿದ್ದರು. ಉಳಿದವಳು ಸುಯಿಲೆ. ನಾರಾಯಣಖೇಡದ ಹೊರಗಿನ ಮಂಡಳಿಯ ಆಸ್ಪತ್ರೆಯಲ್ಲಿ, ಒಂದು ದೊಡ್ಡ ತೊಟ್ಟಿಯೊಳಗೆ, ಎರಡು ವರ್ಷದಿಂದ ಅವಳ ವಾಸ.

ಇನ್ಸ್‌ಪೆಕ್ಟರ್ ಈಶಪ್ಪ ದೂರು ಬರೆಸಿಕೊಂಡು, ಅಪಹರಣವೆಂದು ಎಫ್‌ಐಆರ್ ದಾಖಲಿಸಿ, ಹೆಡ್ ಕಾನ್‌ಸ್ಟೆಬಲ್ ಮೊಗಲಪ್ಪನೊಂದಿಗೆ ಆಸ್ಪತ್ರೆಗೆ ಹೊರಟ.

ಬೀಗ ಒಡೆದಿರಲಿಲ್ಲ. ತೊಟ್ಟಿಯಿಂದ ಹಿಂಬಾಗಿಲವರೆಗೆ ನೆಲದ ಮೇಲೆ ಲೋಳೆ ಒಣಗಿ ಹೊಳೆಯುತ್ತಿತ್ತು. ಅಲ್ಲಿಂದ ಆಚೆಗೆ ಎತ್ತಿನ ಗಾಡಿಯ ಜಾಡು. ಇಬ್ಬರು ಪಂಚರನ್ನು ಕರೆಸಿ ಈಶಪ್ಪ ಪಂಚನಾಮೆ ಬರೆಸಿದ. ನರ್ಸ್ ಬಾಲಮಣಿ ಗೋಡೆಗೆ ಒತ್ತಿ ನಿಂತಿದ್ದಳು.

"ಕೀಲಿ ಯಾರ್ಯಾರ ಹಂತ್ಯಾಕ ಇರ್ತದ?"

"ನನ್ನ ಹಂತ್ಯಾಕ ಒಂದ್ರಿ. ಕಾವಲುಗಾರ ಬಕ್ಕಪ್ಪನ ಹಂತ್ಯಾಕ ಒಂದು."

"ಅವ ಎಲ್ಲಿ?"

"ಅತ್ತ್ಯಾರಿಗಿ ಆರಾಮಿಲ್ಲಂತ ಕಲ್ಹೇರ್‌ಗೆ ಹೋಗ್ಯಾನ್ರಿ. ನೀರಿನ ಡ್ರಮ್ ಗಾಡಿನೂ ಇಲ್ರಿ."

ಮೊಗಲಪ್ಪ ಕಲ್ಹೇರ್‌ಗೆ ಫೋನ್ ಮಾಡಿ ವಿಚಾರಿಸಿದ. ಅಲ್ಲಿ ಬಕ್ಕಪ್ಪನಿಗೆ ಅತ್ತೆಯೂ ಇರಲಿಲ್ಲ, ಬೇರೆ ಬಳಗವೂ ಇರಲಿಲ್ಲ. ಅವನ ಹೆಂಡತಿಯ ತವರು ನಾಗಲಗಿದ್ದದ ಕಡೆ ಎಂದು ಬಾಲಮಣಿ ಆಮೇಲೆ ನೆನಪಿಸಿಕೊಂಡಳು.

ಜೀಪು ಆ ದಾರಿ ಹಿಡಿಯಿತು. ಹಿಂದಿನ ಸೀಟಿನಲ್ಲಿ ಹಣಮಂತರಾಯರು ಮತ್ತೆ ಮತ್ತೆ ಗಡಿಯಾರ ನೋಡುತ್ತಿದ್ದರು.

"ನಾಳೆ ಏನಿತ್ತು, ಡಾಕ್ಟ್ರೇ?" ಈಶಪ್ಪ ತಿರುಗದೆಯೇ ಕೇಳಿದ. "ದವಾಖಾನಿ ಗೋಡಿ ಮ್ಯಾಲಿನ ಹಲಗಿಯೊಳಗ ನಾಳಿನ ತಾರೀಖು ಬರದಿತ್ತು."

"ಶಸ್ತ್ರಚಿಕಿತ್ಸೆ. ಅವಳ ಮೊಟ್ಟೆಯ ಚೀಲ ತೆಗೆದು ಬೇರೆ ಲೋಕಕ್ಕೆ ಕಳಿಸಬೇಕಿತ್ತು. ಅವಳ ಕುಲ ಅಳಿಯಬಾರದು ಅಂತ."

"ಆಮ್ಯಾಲ ಅಕಿಗಿ ಮಕ್ಕಳಾಗ್ತಾವೇನು?"

"ಇಲ್ಲ."

"ಅಕಿ ಒಪ್ಪಿಗಿ ಕೊಟ್ಟಾಳೇನು?"

"ಅವಳ ಭಾಷೆ ನಮಗೆ ಬರೋದಿಲ್ಲ. ಅವಳ ಪರವಾಗಿ ಮಂಡಳಿಯೇ ಒಪ್ಪಿಗೆ ಕೊಟ್ಟಿದೆ."

ಈಶಪ್ಪ ಜೀಪು ನಿಲ್ಲಿಸಲು ಹೇಳಿದ. ದಾರಿಯ ಮೇಲಿನ ಚಹಾ ಹೋಟೆಲಿನಲ್ಲಿ ತುಳಜಾಬಾಯಿ ಎಂಬ ಮುದುಕಿ ಗಾಡಿಯನ್ನು ನೋಡಿದ್ದಳು.

"ಬಂದಿದ್ದ್ರಿ. ನಾಕು ಕೊಡ ನೀರು ಬೇಡಿದ. ಎತ್ತಿಗಿ ಒಂದು ಹನಿ ಕುಡಸ್ಲಿಲ್ರಿ, ಎಲ್ಲಾ ಡ್ರಮ್ಮಿಗೇ ಸುರುವಿದ. ಯಾಕಪ್ಪಾ ಅಂದ್ರ ಮಾರಿನೂ ಎತ್ಲಿಲ್ಲ."

ಅಂದರೆ ಆಗ ಅವಳು ಬದುಕಿದ್ದಳು. ಚಾಲಕನಿಗೆ ಜೋರಾಗಿ ಹೊಡೆಯಲು ಹೇಳಿ ಈಶಪ್ಪ ಟೋಪಿ ತೆಗೆದು ಬೆವರು ಒರೆಸಿಕೊಂಡ. ನಾಗಲಗಿದ್ದ ಇನ್ನೂ ದೂರವಿರುವಾಗಲೇ ಬೇವಿನ ಮರದ ಕೆಳಗೆ ಗಾಡಿ ಕಂಡಿತು. ಎತ್ತುಗಳ ಕೊರಳ ಹಗ್ಗ ಬಿಚ್ಚಿತ್ತು. ಮೊಗಲಪ್ಪ ಓಡಿಹೋಗಿ ಡ್ರಮ್ಮಿಗೆ ಕೈ ಹಾಕಿದ.

"ಖಾಲಿ ಅದ ರೀ ಸಾಹೇಬ್ರ. ಕಾದ ಹಂಚು ಆಗ್ಯಾದ."

ಹಣಮಂತರಾಯರು ಗಾಡಿಯ ಗಾಲಿ ಹಿಡಿದು ನಿಂತುಬಿಟ್ಟರು. ಜೋಳ ಕೊಯ್ದ ಹೊಲದೊಳಗೆ ಯಾರೋ ಭಾರ ಎಳೆದುಕೊಂಡು ಹೋದ ಗುರುತಿತ್ತು. ಮೂವರೂ ಅದರ ಬೆನ್ನು ಹತ್ತಿದರು. ಹೊಲದ ಕೊನೆಗೆ ಕಲ್ಲು ಮೆಟ್ಟಿಲಿನ ಹಳೆಯ ಬಾವಿ. ಕೆಳಗಿನ ಮೆಟ್ಟಿಲ ಮೇಲೆ ಮೂವತ್ತರ ಆಸುಪಾಸಿನ ಒಬ್ಬ ಗಂಡಸು ಕುಳಿತಿದ್ದ. ಅವನ ಪಕ್ಕದಲ್ಲಿ ಒದ್ದೆ ಗೋಣಿತಟ್ಟುಗಳು. ನೀರಿನ ಮೇಲೆ ಏನೂ ಕಾಣಲಿಲ್ಲ.

"ಬಕ್ಕಪ್ಪಾ, ಎಲ್ಲಿ ಅಕಿ?"

ಅವನು ನೀರಿನತ್ತ ನೋಡಿದ. ಸ್ವಲ್ಪ ಹೊತ್ತಿಗೆ ಬೂದು ಬಣ್ಣದ ನುಣುಪು ಹಣೆ ಮೇಲೆದ್ದಿತು, ಆಮೇಲೆ ರೆಪ್ಪೆಯಿಲ್ಲದ ಎರಡು ದೊಡ್ಡ ಕಣ್ಣು.

ಈಶಪ್ಪ ಬೂಟು ಕಳಚಿ ಕೆಳಗಿಳಿದ. ಎರಡು ವರ್ಷ ಕಾವಲುಗಾರನ ಮಾತು ಕೇಳಿದವಳಿಗೆ ಅಷ್ಟಿಷ್ಟು ತಿಳಿದೀತು ಎನ್ನಿಸಿ, ಊರ ಮಾತಿನಲ್ಲೇ ಕೇಳಿದ.

"ಇವ ನಿನ್ನ ಜುಲುಮಿಲೆ ಕರ್ಕೊಂಡು ಬಂದಾನೇನವ್ವಾ?"

"ನಾ ಬಂದೆ." ಸೀಳುದನಿ, ಆದರೆ ಸ್ಪಷ್ಟ.

"ನಾಳಿ ಡಾಕ್ಟ್ರು ನಿನ್ನ ಹೊಟ್ಟಿ ಕೊಯ್ಯಾಕ ಹೊಂಟಾರ. ಗೊತ್ತದೇನು?"

ಅವಳು ಎರಡು ಕೈಯನ್ನೂ ಹೊಟ್ಟೆಯ ಮೇಲೆ ತಂದುಕೊಂಡಳು.

"ಬ್ಯಾಡ."

ಈಶಪ್ಪ ಆ ಎರಡೂ ಉತ್ತರಗಳನ್ನು ಇದ್ದ ಹಾಗೆಯೇ ಬರೆಸಿ, ಡಾಕ್ಟರರ ಕೈಯಿಂದಲೇ ಸಾಕ್ಷಿ ಸಹಿ ಹಾಕಿಸಿದ. ಮಂಡಳಿಯ ವಶದಲ್ಲಿದ್ದವಳನ್ನು ಕದ್ದೊಯ್ದ ಆರೋಪ ಮಾತ್ರ ಹಾಗೇ ಉಳಿಯಿತು. ಬಕ್ಕಪ್ಪನನ್ನು ದಸ್ತಗಿರಿ ಮಾಡಿದರು. ಅವನು ತಕರಾರು ಮಾಡಲಿಲ್ಲ. ಜೀಪು ಹತ್ತುವಾಗ ಕಾಲು ಎಷ್ಟು ನಡುಗಿತೆಂದರೆ ಮೊಗಲಪ್ಪ ರಟ್ಟೆ ಹಿಡಿದು ಹತ್ತಿಸಬೇಕಾಯಿತು.

ಶಸ್ತ್ರಚಿಕಿತ್ಸೆಯನ್ನು ಮಂಡಳಿ ನಿಲ್ಲಿಸಿ, ಸುಯಿಲೆಯನ್ನು ಸದ್ಯಕ್ಕೆ ಬಾವಿಯಲ್ಲೇ ಉಳಿಯಗೊಟ್ಟಿತು. ಸುಯಿಲೆಯ ಮಾತನ್ನು ಅವಳ ಬಾಯಿಂದಲೇ ಕೇಳಿದ ಮೇಲೆ ಮುಂದಿನದು ಎಂದು ಆದೇಶ ಬಂತು.

ಯಾಕೆ ಹೀಗೆ ಮಾಡಿದೆ ಎಂದರೆ ಬಕ್ಕಪ್ಪ ಬಾಯಿ ಬಿಡಲಿಲ್ಲ. ಹೇಳಿದವಳು ಮರುದಿನ ಬುತ್ತಿ ಹಿಡಿದು ಠಾಣೆಗೆ ಬಂದ ಅವನ ಹೆಂಡತಿ ಭೂದೇವಿ.

"ಅವ್ರು ಹೇಳಾಂಗಿಲ್ರಿ ಸಾಹೇಬ್ರ. ಎರಡು ವರ್ಸದ ಹಿಂದ ಎಮರ್ಜೆನ್ಸಿನ್ಯಾಗ, ಸಂತಿಗಿ ಹೋದ ಇವ್ರನ್ನ ಜೀಪ್ನ್ಯಾಗ ಹಾಕ್ಕೊಂಡು ಹೋಗಿ ಮಕ್ಕಳಾಗದಂಗ ಆಪ್ರೇಷನ್ ಮಾಡಿಬಿಟ್ರು. ಮಕ್ಕಳು ಎಷ್ಟು ಅಂತ ಸುದ್ದಾ ಕೇಳ್ಲಿಲ್ರಿ. ನಮ್ಮ ಲಗ್ನ ಆಗಿ ಎಂಟು ತಿಂಗಳಾಗಿತ್ತು."

ಈಶಪ್ಪ ಹೊರಗೆ ನಿಂತಿದ್ದ ಠಾಣೆಯ ಜೀಪಿನ ಕಡೆ ನೋಡಿದ; ಆ ಜೀಪು ಯಾರದ್ದೆಂದು ಕೇಳಲಿಲ್ಲ. ಎದ್ದು ಹೋಗಿ ಲಾಕಪ್ಪಿನ ಬಾಗಿಲನ್ನು ತಾನೇ ತೆಗೆದು, ಬುತ್ತಿ ಬಿಚ್ಚಲು ಅವಳಿಗೆ ಒಳಗೆ ಜಾಗ ಮಾಡಿಕೊಟ್ಟ.